ಬೀಗ ಆಕಿವ್ನಿ ಸಾ

ಊರಿಗೆ ಹೊರಟವರು ತಿಳಿಸಿ ಹೋದರೆ ಬೀಗ ಹಾಕಿದ ಮನೆಯ ಮೇಲೆ ಬೀಟ್ ಪೇದೆ ಒಂದು ಕಣ್ಣಿಟ್ಟಿರುತ್ತಾನೆಂದು ಠಾಣೆಯ ಗೋಡೆಯ ಮೇಲೆ ಬರೆದಿದೆ. ಇಡೀ ಚನ್ನರಾಯಪಟ್ಟಣದಲ್ಲಿ ಅದನ್ನು ನಂಬಿದವರು ನಮ್ಮ ಪಕ್ಕದ ಮನೆಯ ನಿಂಗರಾಜಣ್ಣ ಒಬ್ಬರೇ. ದಂಡಿಗನಹಳ್ಳಿಗೆ ತಿಥಿಯೂಟಕ್ಕೆ ಹೊರಟರೂ ಮೊದಲು ಠಾಣೆ, ಹಾಸನಕ್ಕೆ ಕನ್ನಡಕ ಮಾಡಿಸಲು ಹೊರಟರೂ ಮೊದಲು ಠಾಣೆ. ಕ್ಷೌರಕ್ಕೆ ಹೋಗುವಾಗಲೂ ಅತ್ತ ತಿರುಗುತ್ತಾರೇನೋ ಎಂದು ನನಗೆ ಅನುಮಾನ. ಇಸ್ತ್ರಿ ಮಾಡಿದ ಅಂಗಿ, ಕೈಯಲ್ಲಿ ವೈರ್ ಬ್ಯಾಗು. ಹೊರಗೆ ಚಪ್ಪಲಿ ಬಿಟ್ಟು, ದೇವರ ಮುಂದೆ ನಿಂತಂತೆ ನಿಂತು, "ಬೀಗ ಆಕಿವ್ನಿ ಸಾ, ಓಗ್ಬತ್ತೀನಿ" ಎನ್ನುತ್ತಾರೆ. "ನಿಮ್ಮನೇಲಿ ಕದಿಯಾಕೆ ಏನೈತೆ ಯಜಮಾನ್ರೇ?" ಎಂದು ಪೇದೆಗಳು ನಗುತ್ತಾರೆ. ನಿಜ, ಇರುವುದು ಒಂದು ಮಂಚ, ಗ್ಯಾಸ್ ಒಲೆ, ನಾಲ್ಕು ಪಾತ್ರೆ. ನಿಂಗರಾಜಣ್ಣನೂ ನಗುತ್ತಾರೆ, ಆದರೆ ನಿಂತ ಜಾಗ ಬಿಟ್ಟು ಕದಲುವುದಿಲ್ಲ. ಯಾರಾದರೂ ತಲೆಯೆತ್ತಿ "ಹೂಂ, ಹೋಗ್ಬನ್ನಿ" ಎಂದ ಮೇಲೆಯೇ ಬಸ್ ಸ್ಟ್ಯಾಂಡಿನ ದಾರಿ ಹಿಡಿಯುತ್ತಾರೆ. ಮೊನ್ನೆ ಹೊಸದಾಗಿ ಬಂದ ಪೇದೆಯೊಬ್ಬ ಕಿವಿಯಿಂದ ಫೋನು ತೆಗೆಯದೆ "ಹೋಗಿ, ಹೋಗಿ" ಎಂದುಬಿಟ್ಟನಂತೆ. ಮಧ್ಯಾಹ್ನ ನಾನು ಆ ದಾರಿಯಲ್ಲಿ ಬಂದಾಗ ಅವರು ಬ್ಯಾಗು ತಬ್ಬಿಕೊಂಡು ಠಾಣೆಯ ಕಟ್ಟೆಯ ಮೇಲೆ ಕೂತೇ ಇದ್ದರು. "ಬಸ್ಸು ಓಯ್ತಲ್ಲಣ್ಣ?" ಎಂದೆ. "ನಮ್ಮನೆಯೋಳು ತೀರ್ಕಂಡ ಮ್ಯಾಲೆ ಮನೇಲಿ ಓಗ್ಬನ್ನಿ ಅನ್ನೋರಿಲ್ಲ ಕಣಪ್ಪ" ಎಂದರು. "ಈವಯ್ಯ ನೋಡುದ್ರೆ ಬರೀ ಓಗಿ ಅಂದ್ಬುಟ್ಟ. ಬನ್ನಿ ಅನ್ನಿಸ್ಕಳ್ದೆ ಎಂಗಪ್ಪ ಓಗ್ಲಿ?"