ಶಾಂತವ್ವನ ಮನೆಯ ಒಂದು ನಿಮಿಷ

ಇಂಥವನ್ನೆಲ್ಲ ನಂಬುವವನು ನಾನಲ್ಲ. ಯಾರಾದರೂ ದೆವ್ವ, ದನಿ ಎಂದು ಶುರು ಮಾಡಿದರೆ ಸಾಕ್ಷಿ ಎಲ್ಲಿ ಎಂದು ಕೇಳಿ ಬಾಯಿ ಮುಚ್ಚಿಸುವುದು ನನ್ನ ಚಾಳಿ. ಸಾಕ್ಷ್ಯಚಿತ್ರ ಮಾಡಿ ಹೊಟ್ಟೆ ಹೊರೆಯುವವನಿಗೆ ಅದು ಸಹಜವೇ. ಆದರೆ ಈಗ ಹೇಳಹೊರಟಿರುವುದಕ್ಕೆ ನನ್ನ ಹತ್ತಿರವೂ ಸಾಕ್ಷಿಯಿಲ್ಲ. ನಗುವುದಾದರೆ ನಗಿ, ನಿಮ್ಮ ಜಾಗದಲ್ಲಿದ್ದರೆ ನಾನೂ ನಗುತ್ತಿದ್ದೆ.

ಐದಾರು ವರ್ಷದ ಹಿಂದೆ ಬನಹಟ್ಟಿಯಲ್ಲಿ ಚಿತ್ರವೊಂದನ್ನು ಮಾಡುತ್ತಿದ್ದೆ. ಬಹಳ ಹಿಂದೆ ಅಲ್ಲಿಯ ನೇಕಾರರು ಮಗ್ಗ ನಿಲ್ಲಿಸಿ, ನೂಲಿನ ದರ ಇಳಿಸಿ ಎಂದು ಕೂಗುತ್ತ ಜಮಖಂಡಿಯವರೆಗೆ ನಡೆದುಹೋಗಿದ್ದರು. ಅದನ್ನು ಯಾರೂ ಚಿತ್ರೀಕರಿಸಿರಲಿಲ್ಲ. ಉಳಿದದ್ದು ಜನರ ನೆನಪಷ್ಟೇ. ಅದನ್ನು ಒಬ್ಬೊಬ್ಬರಿಂದ ಕೇಳಿ ದಾಖಲಿಸುವುದು ನನ್ನ ಕೆಲಸ. ಆ ಊರಿನಲ್ಲಿ ಅದು ಸುಲಭವಲ್ಲ. ಮನೆಮನೆಯಲ್ಲೂ ಪವರ್‌ಲೂಮ್. ಅದರ ಸದ್ದಿನಲ್ಲಿ ಎದುರು ಕೂತವರ ಮಾತೇ ಕೇಳದು. ಹಾಗಾಗಿ ಕ್ಯಾಮೆರಾ ಸಜ್ಜು ಮಾಡಿಕೊಂಡು ಕರೆಂಟ್ ಹೋಗುವುದನ್ನೇ ಕಾಯುತ್ತ ಕೂರುತ್ತಿದ್ದೆ. ಊರೆಲ್ಲ ಬೈದುಕೊಳ್ಳುವ ಹೊತ್ತು ನನಗೆ ಹಬ್ಬ.

ಶಾಂತವ್ವ ಎಪ್ಪತ್ತು ದಾಟಿದ ಮುದುಕಿ. ಅವಳ ಗಂಡ ಆ ನಡಿಗೆಯ ದಿನ ಹೆದರಿ ಮನೆಯಲ್ಲೇ ಕೂತ, ಆ ನಾಚಿಕೆಗೆ ಮರುದಿನವೇ ಮಹಾರಾಷ್ಟ್ರದ ಇಚಲಕರಂಜಿಯ ಬಸ್ಸು ಹತ್ತಿದವನು ತಿರುಗಿ ಬರಲಿಲ್ಲ ಎಂದು ಓಣಿಯವರು ಹೇಳುತ್ತಿದ್ದರು. ಅಂದಿನಿಂದ ಅವಳು ಎಲ್ಲರ ಬಾಯಲ್ಲಿ ಅಂಜುಬುರುಕನ ಹೆಂಡತಿ. ಅವಳು ಮಾತ್ರ ಗಂಡ ಎಲ್ಲರ ಜೊತೆ ನಡೆದಿದ್ದ ಎಂದೇ ಸಾಧಿಸುತ್ತಿದ್ದಳು.

"ನಮ್ಮ ಮನ್ಯಾವ್ರು ಮುಂದಿನ ಸಾಲಿನ್ಯಾಗ ಇದ್ರು. ಒಬ್ಬರರ ನಿಮ್ಮ ಸಿನಿಮಾದಾಗ ಹಂಗ ಹೇಳ್ಲಿ ಸರ, ನಾ ಸಮಾಧಾನದಾಗ ಕಣ್ಣ ಮುಚ್ಚತೀನಿ" ಎಂದಿದ್ದಳು.

ನಾನು ಹನ್ನೊಂದು ಜನರನ್ನು ಕೇಳಿದ್ದೆ. ಒಬ್ಬರೂ ಹಾಗೆ ಹೇಳಲಿಲ್ಲ. ಅವಳ ಮುಖ ನೋಡಲು ನನಗೆ ಸಂಕಟವಾಗುತ್ತಿತ್ತು.

ಅವತ್ತು ಮಟಮಟ ಮಧ್ಯಾಹ್ನ. ಕರೆಂಟ್ ಹೋಗಿತ್ತು, ಅವಳ ಮಾತಿನ ಚಿತ್ರೀಕರಣ ಮುಗಿದಿತ್ತು. ನಮ್ಮಲ್ಲೊಂದು ಪದ್ಧತಿಯಿದೆ. ಮಾತು ಮುಗಿದ ಮೇಲೆ ಎಲ್ಲರೂ ಸುಮ್ಮನೆ ಕೂತು, ಆ ಕೋಣೆಯ ಮೌನವನ್ನೇ ಒಂದು ನಿಮಿಷ ದಾಖಲಿಸಿಕೊಳ್ಳುತ್ತೇವೆ. ಮಾತುಗಳನ್ನು ಜೋಡಿಸುವಾಗ ನಡುವೆ ತುಂಬಲು ಅದು ಬೇಕು. ಶಾಂತವ್ವನಿಗೆ ಅಲುಗಾಡದಂತೆ ಹೇಳಿ ಹೆಡ್‌ಫೋನ್ ಹಾಕಿಕೊಂಡೆ.

ಮೊದಲು ಏನೂ ಇರಲಿಲ್ಲ. ಆಮೇಲೆ ಓಣಿಯಲ್ಲಿ ಬಹಳ ಜನ ನಡೆದುಬರುವ ಸಪ್ಪಳ. ಅದು ಬಾಗಿಲ ಮುಂದೆ ನಿಂತಿತು. ಯಾರೋ ಕರೆದರು. ಮನೆಯೊಳಗಿಂದ, ನನ್ನ ಬೆನ್ನ ಹಿಂದೆಯೇ, ಒಬ್ಬ ಗಂಡಸು ಹೇಳಿದ: "ನಾ ಬರಂಗಿಲ್ಲ. ನೀವ ಹೋಗ್ರಿ." ಚಿಲಕ ಬಿದ್ದ ಸದ್ದೂ ಕೇಳಿಸಿತು. ಹೆಡ್‌ಫೋನ್ ಕಿತ್ತು ತಿರುಗಿ ನೋಡಿದೆ. ಬಾಗಿಲು ಹಾರುಹೊಡೆದಿತ್ತು. ಓಣಿಯಲ್ಲಿ ಬಿಸಿಲು ಬಿಟ್ಟರೆ ಯಾರೂ ಇರಲಿಲ್ಲ.

ಶಾಂತವ್ವ ನನ್ನನ್ನೇ ನೋಡುತ್ತಿದ್ದಳು.

"ನಿಮಗೂ ಕೇಳಿಸ್ತಲ್ರಿ. ಕರೆಂಟ ಹೋದಾಗೊಮ್ಮೆ ಕೇಳಸ್ತೈತಿ. ನನಗೊಬ್ಬಾಕಿಗೇ ಅಂತ ತಿಳಿದಿದ್ದೆ. ಅಳಿಸಿಬಿಡ್ರಿ ಸರ, ಕೈ ಮುಗೀತೀನಿ" ಎಂದಳು.

ಆ ಒಂದು ನಿಮಿಷವನ್ನು ಮತ್ತೆ ಹಾಕಿ ಕೇಳಿದೆ. ನನ್ನ ಉಸಿರು ಬಿಟ್ಟರೆ ಬೇರೇನೂ ಇರಲಿಲ್ಲ. ಏನೂ ದಾಖಲಾಗಿಲ್ಲ ಎಂದು ಹೇಳಿ, ಅವಳಿಗೆ ಧೈರ್ಯವಾಗಲೆಂದು ಹೆಡ್‌ಫೋನ್ ಅವಳ ಕಿವಿಗಿಟ್ಟೆ. ಕೇಳುತ್ತ ಕೇಳುತ್ತ ಮುದುಕಿಯ ಮುಖ ಕಪ್ಪಿಟ್ಟಿತು. ಅದರೊಳಗೆ ಎಲ್ಲ ಇದೆ, ನಾನು ಸುಳ್ಳು ಹೇಳುತ್ತಿದ್ದೇನೆ ಎಂದು ಅಳತೊಡಗಿದಳು.

ಹನ್ನೊಂದು ಜನರ ಮಾತು ತಲೆಯಲ್ಲಿ ತುಂಬಿಕೊಂಡು ನನಗೆ ಹಾಗೆ ಕೇಳಿಸಿರಬಹುದು ಎಂದು ಎಷ್ಟೋ ಸಲ ಸಮಾಧಾನ ಹೇಳಿಕೊಂಡಿದ್ದೇನೆ. ಆದರೆ ನಾನಿನ್ನೂ ತುಟಿ ಬಿಚ್ಚುವ ಮೊದಲೇ ನಿಮಗೂ ಕೇಳಿಸ್ತಲ್ರಿ ಎಂದು ಅವಳು ಹೇಗೆ ಅಂದಳು? ಇವತ್ತಿಗೂ ನನಗೆ ತಿಳಿದಿಲ್ಲ.

ಅವತ್ತು ಅವಳ ಕಣ್ಣೆದುರೇ ಆ ದಾಖಲೆಯನ್ನು ಅಳಿಸಿದೆ. ಹೋಯಿತು, ಇನ್ನು ಯಾರಿಗೂ ಗೊತ್ತಾಗುವುದಿಲ್ಲ ಎಂದೆ. ಅವಳು ನಂಬಲಿಲ್ಲ. ಹೆಡ್‌ಫೋನ್ ಇಸಿದುಕೊಂಡು ಎರಡೂ ಕೈಯಿಂದ ಕಿವಿಗೆ ಒತ್ತಿ ಹಿಡಿದು ಬಹಳ ಹೊತ್ತು ಕೂತಳು. ಆಮೇಲೆ ತಲೆ ಅಲ್ಲಾಡಿಸಿದಳು.

"ಇಲ್ರಿ ಸರ. ಇನ್ನೂ ಐತಿ."

ಅಳಿಸಲು ನನ್ನ ಹತ್ತಿರ ಮತ್ತೇನೂ ಉಳಿದಿರಲಿಲ್ಲ.