ಹಿಂದಿನಿಂದ ಕರೆದ ದನಿ

ನಾನು ಮಾಡುವ ಕೆಲಸ ಏನೆಂದು ಹೊಸಪೇಟೆಯ ನಮ್ಮ ಓಣಿಯವರಿಗೆ ಹೇಳಿ ಹೇಳಿ ನನ್ನ ಬಾಯಿ ಬತ್ತಿದೆ. ಬೇರೆಯವರ ಬಟ್ಟೆ ತೊಟ್ಟು, ಅವರ ಹಾಗೇ ನಡೆದು, ಅದನ್ನು ವಿಡಿಯೊ ಮಾಡಿ ಪ್ರದರ್ಶನಕ್ಕೆ ಇಡುತ್ತೇನೆ. ಹಂಪಿಯಲ್ಲಿ ಸರ ಮಾರುವವಳಾಗಿದ್ದೇನೆ, ಕಂಪ್ಲಿಯ ಗದ್ದೆಯಲ್ಲಿ ನಾಟಿ ಹಚ್ಚಿದ್ದೇನೆ.

"ನಿನ್ನ ಮಗಳು ಇವತ್ತು ಯಾರಾಗ್ಯಾಳ?" ಎಂದು ಪಕ್ಕದ ಮನೆಯಾಕೆ ಅವ್ವನನ್ನು ಕೆಣಕುವಳು.

"ಯಾರರ ಆಗ್ತಾಳ, ಮದುವಿ ಹೆಣ್ಣೊಂದು ಆಗವಲ್ಲಳು" ಎನ್ನುವಳು ಅವ್ವ. ಇದು ಅವ್ವನಿಗೆ ನಗೆ ಬರುತ್ತಿದ್ದ ಕಾಲದ ಮಾತು.

ನನ್ನ ತಮ್ಮ ಸಂಡೂರು ಕಡೆಯ ಗಣಿಯೊಂದರಲ್ಲಿ ಕೆಲಸಕ್ಕಿದ್ದ. ಬೆಳಿಗ್ಗೆ ಓಣಿ ದಾಟಿ ಮೇನ್ ರೋಡಿಗೆ ಹೋಗಿ ಸ್ಟಾಫ್ ಬಸ್ ಹತ್ತುತ್ತಿದ್ದ. ಅವನ ಬೆನ್ನು ಮರೆಯಾಗುವ ತನಕ ಅವ್ವ ಬಾಗಿಲಲ್ಲೇ ನಿಲ್ಲುವಳು. ಒಂದು ದಿನ ಅವನು ಬುತ್ತಿ ಮರೆತು ಹೊರಟ. ಅವ್ವ ಡಬ್ಬಿ ಹಿಡಿದು ಬಾಗಿಲಿಗೆ ಬಂದಳು, ಆದರೆ ಕರೆಯಲಿಲ್ಲ. ಹೊರಟವರನ್ನು ಹಿಂದಿನಿಂದ ಕರೆದರೆ ಕೆಡುಕು ಎಂದು ನಂಬಿದವಳು. ಐದು ನಿಮಿಷವೂ ಆಗಿರಲಿಲ್ಲ, ರಸ್ತೆ ದಾಟುವಾಗ ಲಾರಿ ಬಡಿದು ತಮ್ಮ ಹೋಗಿಬಿಟ್ಟ.

"ಕರದಿದ್ರ ಹೊಳ್ಳಿ ಬರ್ತಿದ್ದ." ಎರಡು ವರ್ಷ ಅವ್ವ ಇದೊಂದನ್ನೇ ಹೇಳಿದಳು. ಊಟಕ್ಕೆ ಕೂತರೂ ಅದೇ ಮಾತು, ಅಲ್ಲಿಗೇ ತಾಟು ಸರಿಸುವಳು.

ಹೋದ ವರ್ಷ ನಾನು ಅವನ ಯೂನಿಫಾರ್ಮ್ ತೊಟ್ಟೆ. ಕಲೆಗಾಗಿ ಎಂದು ನನಗೆ ನಾನೇ ಹೇಳಿಕೊಂಡೆ. ಸುಳ್ಳು, ಅವನನ್ನು ಇನ್ನೊಮ್ಮೆ ನೋಡಬೇಕಿತ್ತು. ಎಷ್ಟು ಒಗೆದರೂ ಕಾಲರಿಗೆ ಹತ್ತಿದ ಗಣಿಧೂಳಿನ ಕೆಂಪು ಹೋಗಿರಲಿಲ್ಲ. ಅವ್ವ ಗುಡಿಗೆ ಹೋದದ್ದನ್ನು ನೋಡಿ, ಕ್ಯಾಮೆರಾವನ್ನು ಹೊಸ್ತಿಲ ಬಳಿ ಸ್ಟೂಲಿನ ಮೇಲಿಟ್ಟು, ಅವನ ಹಾಗೇ ಎಡಭುಜ ಇಳಿಬಿಟ್ಟು ನಡೆದೆ. ಬಂದು ನೋಡಿದರೆ, ಪರದೆಯಲ್ಲಿ ಹೋಗುತ್ತಿದ್ದವನು ತಮ್ಮನೇ. ಮತ್ತೊಮ್ಮೆ ನಡೆದೆ, ಸುಮ್ಮನಿರುವ ಜಾಯಮಾನ ನನ್ನದಲ್ಲ.

ಅರ್ಧ ಓಣಿ ದಾಟಿದ್ದೆ. ಹಿಂದಿನಿಂದ ಅವ್ವನ ದನಿ ಬಂತು, ಗುಡಿಯಿಂದ ಯಾವಾಗ ಬಂದಿದ್ದಳೋ.

"ತಮ್ಮಾ, ಬುತ್ತಿ ಬಿಟ್ಟು ಹೊಂಟೀಯಲ್ಲೋ."

ತಿರುಗಿದರೆ ಅವಳಿಗೆ ಕಾಣುವುದು ನನ್ನ ಮುಖ. ಆ ಮುಖವನ್ನು ಹೇಗೆ ತೋರಿಸಲಿ? ನಿಲ್ಲದೆ ನಡೆದೆ. ಮೇನ್ ರೋಡಿನ ಅಂಚಿನಲ್ಲಿ ಕೂತು, ಜನ ನೋಡುತ್ತಿದ್ದರೂ ಅತ್ತೆ.

ಮನೆಗೆ ಬಂದಾಗ ಅವ್ವ ಕ್ಯಾಮೆರಾದ ಪಕ್ಕ ಹೊಸ್ತಿಲಲ್ಲಿ ಕೂತಿದ್ದಳು.

"ನೀನ ಅಂತ ಗೊತ್ತಿತ್ತವಾ. ಒಮ್ಮಿ ಕರದು ನೋಡಬೇಕು ಅನ್ನಿಸ್ತು. ಕೇಳಿಸ್ತೇನು?"

"ಕೇಳಿಸ್ತು."

"ಕೇಳಿಸಿದ್ರೂ ಹೊಳ್ಳಲಿಲ್ಲ ನೀನು." ಯೂನಿಫಾರ್ಮಿನ ತೋಳು ಹಿಡಿದಳು. "ಹಂಗಾರ ನಾ ಕರದಿದ್ರೂ ಅವ ಹೊಳ್ಳತಿದ್ದಿಲ್ಲ, ಹೌದಿಲ್ಲೋ?"

ನನ್ನ ತಮ್ಮ, ಅವ್ವ ಒಂದು ಸಲ ಕೂಗಿದರೆ ಆಡುವ ಆಟ ಬಿಟ್ಟು ಓಡಿ ಬರುತ್ತಿದ್ದವನು. ದೊಡ್ಡವನಾದ ಮೇಲೂ ಅಷ್ಟೇ.

"ಹೌದವ್ವಾ, ಹೊಳ್ಳತಿದ್ದಿಲ್ಲ" ಅಂದೆ.

ಅವ್ವ ಎದ್ದು ಒಳಗೆ ಹೋಗಿ ಎರಡು ತಾಟು ಹಾಕಿದಳು. ಅವತ್ತು ರೊಟ್ಟಿ ಕೇಳಿ ಹಾಕಿಸಿಕೊಂಡು, ಹೊಟ್ಟೆ ತುಂಬ ಉಂಡಳು. ನನಗೆ ಒಂದು ತುತ್ತೂ ಇಳಿಯಲಿಲ್ಲ.