ಗಲಗಲಿಯ ಲಗಮವ್ವ ಕೇಳಿದ ಸಿಡಿಲು

ಗಲಗಲಿಯಲ್ಲಿ ದೋಣಿ ನಡೆಸುತ್ತಿದ್ದ ಜಕ್ಕಪ್ಪನ ಹೆಂಡತಿ ಲಗಮವ್ವನಿಗೆ ಮೋಡ ಕಾಣುವ ಮೊದಲೇ ಸಿಡಿಲಿನ ಸುಳಿವು ಸಿಗುತ್ತಿತ್ತು. ಅದರಲ್ಲಿ ದೈವದ ಮಾತೇನೂ ಇರಲಿಲ್ಲ. ಎಪ್ಪತ್ತರ ದಶಕದ ಆ ವರ್ಷಗಳಲ್ಲಿ ಅವಳ ಮನೆಯಲ್ಲೊಂದು ರೇಡಿಯೋ ಇತ್ತು. ಹಿಂಗಾರಿನಲ್ಲಿ ಅದು ಹಾಡಿನ ನಡುವೆ ಚರ್ ಚರ್ ಎನ್ನುತ್ತಿತ್ತು. ಕೆಟ್ಟಿದೆಯೆಂದು ತಿಳಿದು ಅವಳು ನೆರೆಮನೆಯ ದಶರಥ ಮಾಸ್ತರರಿಗೆ ತೋರಿಸಿದಳು.

“ಕೆಟ್ಟಿಲ್ಲವ್ವ ಇದು,” ಎಂದರು ಮಾಸ್ತರರು. “ಎಲ್ಲ್ಯೋ ದೂರ ಮಿಂಚಾಕತ್ತೈತಿ. ಮಿಂಚಂದ್ರ ಭಾಳ ದೊಡ್ಡ ಕರೆಂಟ್. ಅದು ಹರದಾಗ ಸುತ್ತಲೂ ಅಲಿ ಏಳ್ತಾವ, ಕಣ್ಣಿಗೆ ಕಾಣೂದಿಲ್ಲ. ಹಾಡು ಬರೂದೂ ಅಂಥಾ ಅಲಿ ಮ್ಯಾಲ, ಅದಕ್ಕ ಎರಡೂ ಕೂಡಿ ಕೇಳ್ತಾವ.”

ಅಂದಿನಿಂದ ಸದ್ದು ಜೋರಾದರೆ ಲಗಮವ್ವ ದೋಣಿ ಕಟ್ಟುವಂತೆ ಗಂಡನಿಗೆ ಹೇಳಿಕಳಿಸುತ್ತಿದ್ದಳು. ಅವನೂ ಕೇಳುತ್ತಿದ್ದ.

ಹಿಂಗಾರಿನ ಚಿತ್ತಿ ಮಳೆಯ ದಿನಗಳಲ್ಲಿ ಒಮ್ಮೆ, ಅಂಗಳದಲ್ಲಿ ಬಿಸಿಲಿರುವಾಗಲೇ ರೇಡಿಯೋದಲ್ಲಿ ಹಾಡು ಮುಳುಗುವಷ್ಟು ಪಟಪಟ ಶುರುವಾಯಿತು. ಲಗಮವ್ವ ಹೊಳೆದಂಡೆಗೆ ಓಡಿದಳು. ಜನರನ್ನು ತುಂಬಿಕೊಂಡು ದೋಣಿ ಆಚೆ ದಂಡೆಯಿಂದ ಆಗಲೇ ಹೊರಟಿತ್ತು. ಪಡುವಣದಲ್ಲಿ ಮೋಡ ಏಳುತ್ತಿತ್ತು. ಅವಳು ಕೂಗಿದಳು, ಸೆರಗು ಬೀಸಿದಳು. ಗಾಳಿ ಎದುರಿಗಿತ್ತು. ಜಕ್ಕಪ್ಪ ಏನು ತಿಳಿದನೋ, ಬಂದೆ ಎಂಬಂತೆ ಕೈಯೆತ್ತಿ ಇನ್ನೂ ಜೋರಾಗಿ ಹುಟ್ಟು ಹಾಕಿದ. ದಂಡೆ ಹತ್ತಿರವಾದಾಗ ಮಳೆ ಬಂತು. ಎಲ್ಲರೂ ಮುದುಡಿ ಕೂತರು. ದೋಣಿಯನ್ನು ದಂಡೆಗೆ ತಳ್ಳಲು ಅವನೊಬ್ಬ ಎದ್ದು ನಿಂತು ಬಿದಿರಿನ ಗಳ ಹಿಡಿದ.

ಬೆಳಕೂ ಸದ್ದೂ ಒಟ್ಟಿಗೇ ಬಂದವು. ಜಕ್ಕಪ್ಪ ದೋಣಿಯೊಳಗೆ ಬಿದ್ದಿದ್ದ.

“ಮುಟ್ಟಬ್ಯಾಡ್ರಿ, ಮೈಯಾಗ ಕರೆಂಟ್ ಇರ್ತೈತಿ,” ಎಂದು ಯಾರೋ ಅಂದರು. ಜನ ಸರಿದು ಕೂತರು. ಲಗಮವ್ವನ ಹಿಂದೆಯೇ ಓಡಿ ಬಂದಿದ್ದ ಮಾಸ್ತರರು ದಂಡೆಯಿಂದ, “ಏನೂ ಇರೂದಿಲ್ಲ, ಹಿಡೀರಿ ಅವನ್ನ,” ಎಂದು ಕೂಗಿದರೂ ಯಾರೂ ಅಲುಗಲಿಲ್ಲ. ಲಗಮವ್ವ ಸೊಂಟದುದ್ದ ನೀರಿಗಿಳಿದು ಹೋಗಿ, ದೋಣಿ ಹತ್ತಿ ಅವನ ತಲೆಯನ್ನು ತೊಡೆಯ ಮೇಲಿಟ್ಟುಕೊಂಡಳು. ಉಸಿರಿತ್ತು. ಕಿವಿಯಿಂದ ರಕ್ತ ಸೋರುತ್ತಿತ್ತು. ಹೆಗಲಿನಿಂದ ಎದೆಯವರೆಗೆ ಬೇವಿನ ಟೊಂಗೆ ಕವಲೊಡೆದಂತೆ ಕೆಂಪು ಗೆರೆಗಳೆದ್ದಿದ್ದವು.

ಸಂಜೆಯ ಹೊತ್ತಿಗೆ ಮರಗಟ್ಟಿದ್ದ ಕಾಲುಗಳು ಆಡಿದವು. ಮರುದಿನ ಗೆರೆಗಳೂ ಮಾಸಿದವು. ಉಳಿದುಕೊಂಡ ಎಂದು ಊರು ಸಮಾಧಾನಪಟ್ಟಿತು. ಆದರೆ ಅವನಿಗೆ ನಿದ್ದೆ ಹತ್ತಲಿಲ್ಲ. ಬರಬರುತ್ತ ಹಗ್ಗಕ್ಕೆ ಗಂಟು ಹಾಕುವುದು ಮರೆತುಹೋಯಿತು, ಪಾತ್ರೆ ಬಿದ್ದರೆ ಅಳುತ್ತಿದ್ದ. ಲಗಮವ್ವ ಅವನನ್ನು ಜಮಖಂಡಿಗೆ ಕರೆದೊಯ್ದಳು.

“ಮೈ ಛಲೋ ಐತಿ,” ಎಂದರು ಡಾಕ್ಟರು. “ಒಳಗ ನರಕ್ಕ ಎಲ್ಲಿ ಪೆಟ್ಟು ಬಿದ್ದೈತೋ ನನಗ ಕಾಣವಲ್ದವ್ವ.”

“ಔಷಧರೀ?”

“ಇದಕ್ಕ ನನ್ನ ಕಡೆ ಔಷಧಿಲ್ಲ.”

ದೋಣಿ ಬೇರೆಯವರ ಕೈಗೆ ಹೋಯಿತು. ಲಗಮವ್ವ ಕಬ್ಬಿನ ಹೊಲಕ್ಕೆ ಕೂಲಿಗೆ ಹೋಗತೊಡಗಿದಳು. ಒಂದು ಮುಂಜಾನೆ ರೊಟ್ಟಿ ಬಡಿಯುವಾಗ ಜಕ್ಕಪ್ಪ ಅವಳನ್ನೇ ನೋಡುತ್ತ ಕೇಳಿದ: “ನೀ ಯಾರ ಮನ್ಯಾಕಿ ಬೇ?”

“ನಿಮ್ಮ ಮನ್ಯಾಕೀನರಿ,” ಎಂದು ಅವಳು ತಾಟಿಗೆ ರೊಟ್ಟಿ ಹಾಕಿದಳು.

ಎಂದಾದರೊಮ್ಮೆ ಅವನಿಗೆ ಎಲ್ಲ ನೆನಪಿರುತ್ತಿತ್ತು. ಅವಳನ್ನು ಹೆಸರು ಹಿಡಿದು ಕರೆಯುತ್ತಿದ್ದ. ಅಂಥ ದಿನ ಲಗಮವ್ವ ಕೆಲಸಕ್ಕೆ ಹೋಗುತ್ತಿರಲಿಲ್ಲ.